ತಂಡ ಸೋತರೂ ಬಾಜಿ ಗೆಲ್ಲುವುದು ಹೇಗೆ? ಪಾಯಿಂಟ್ ಸ್ಪ್ರೆಡ್ ಕುರಿತು ಓದುಗರ ಪ್ರಶ್ನೆಗಳು

ಮಗ ಅಮೆರಿಕದ ಮಿಷಿಗನ್ ವಿಶ್ವವಿದ್ಯಾಲಯದಲ್ಲಿ ಎಂ.ಎಸ್. ಓದುತ್ತಿದ್ದಾನೆ. ಒಹಾಯೋ ಸ್ಟೇಟ್ ವಿಶ್ವವಿದ್ಯಾಲಯದ ಜೊತೆಗಿನ ಅಮೆರಿಕನ್ ಫುಟ್‌ಬಾಲ್ ಪಂದ್ಯದ ಬಗ್ಗೆ ಮಾತಾಡುತ್ತಾ, "ನಮ್ಮ ಟೀಮು ಸೋತರೂ ಅದರ ಮೇಲೆ ಕಟ್ಟಿದವರಿಗೆ ದುಡ್ಡು ಬರಬಹುದು ಅಮ್ಮಾ" ಎಂದ. ಇದು ಹೇಗೆ ಸಾಧ್ಯ? – ಓದುಗರು, ಮೈಸೂರು

ನಿಮ್ಮೂರಿನ ರೇಸ್ ಕೋರ್ಸನ್ನೇ ನೆನಪಿಸಿಕೊಳ್ಳಿ. ಹ್ಯಾಂಡಿಕ್ಯಾಪ್ ರೇಸಿನಲ್ಲಿ ಬಲವಾದ ಕುದುರೆಯ ಮೇಲೆ ಹೆಚ್ಚು ತೂಕ ಹೊರಿಸುತ್ತಾರೆ, ಇಲ್ಲದಿದ್ದರೆ ಎಲ್ಲರೂ ಅದೊಂದರ ಮೇಲೇ ಹಣ ಕಟ್ಟುತ್ತಾರೆ. ಪಾಯಿಂಟ್ ಸ್ಪ್ರೆಡ್ ಕೂಡ ಅಂಥದೇ ಹೊರೆ, ಆದರೆ ಕಾಗದದ ಮೇಲಿನ ಹೊರೆ. ಬಲವಾದ ತಂಡದ ಮುಂದೆ ಮೈನಸ್, ದುರ್ಬಲ ತಂಡದ ಮುಂದೆ ಪ್ಲಸ್ ಇರುತ್ತದೆ. ಒಹಾಯೋ ಸ್ಟೇಟ್ ಮೈನಸ್ 7.5, ಮಿಷಿಗನ್ ಪ್ಲಸ್ 7.5 ಎಂದಿದೆ ಅನ್ನಿ. ಪಂದ್ಯ ಮುಗಿದ ಮೇಲೆ ಮಿಷಿಗನ್ ಸ್ಕೋರಿಗೆ 7.5 ಕೂಡಿಸಿ ನೋಡಬೇಕು. ಒಹಾಯೋ 27–20ರಿಂದ ಗೆದ್ದರೆ ಮಿಷಿಗನ್ ಲೆಕ್ಕ 27.5 ಆಗುತ್ತದೆ. ತಂಡ ಸೋತಿತು, ಬಾಜಿ ಗೆದ್ದಿತು. 28–20 ಆದರೆ ಒಹಾಯೋ ಕಡೆ ಕಟ್ಟಿದವರಿಗೆ ಹಣ. ಸ್ಪ್ರೆಡ್ 7.5ರ ಬದಲು ಸರಿಯಾಗಿ 7 ಇದ್ದು, ಅಂತರವೂ 7 ಆದರೆ ಯಾರೂ ಗೆಲ್ಲುವುದಿಲ್ಲ, ಕಟ್ಟಿದ ಹಣ ವಾಪಸ್. ಇದಕ್ಕೆ ಪುಶ್ ಎನ್ನುತ್ತಾರೆ.

ಕುದುರೆಗೂ ಇದಕ್ಕೂ ಇರುವ ವ್ಯತ್ಯಾಸವನ್ನು ಮಾತ್ರ ಮರೆಯಬಾರದು. ತೂಕ ಕುದುರೆಗೆ ಗೊತ್ತಾಗುತ್ತದೆ. ಸ್ಪ್ರೆಡ್ ಆಟಗಾರರಿಗೆ ಲೆಕ್ಕಕ್ಕೇ ಇಲ್ಲ, ಅವರು ಆಡುವುದು ಗೆಲ್ಲಲು. 10 ಅಂಕ ಮುಂದಿರುವ ತಂಡ ಕೊನೆಯ ನಿಮಿಷದಲ್ಲಿ ಚೆಂಡು ಹಿಡಿದು ಮಂಡಿಯೂರಿ, ಅಂಕಕ್ಕೆ ಯತ್ನಿಸದೆ ಸಮಯ ಕಳೆಯುತ್ತದೆ. ಅವರ ಮೇಲೆ ಮೈನಸ್ 10.5 ಕಟ್ಟಿದವರು ಅಲ್ಲೇ ಸೋತಂತೆ. 14 ಅಂಕ ಮುಂದಿರುವ ತಂಡ ಕೊನೆಗೆ ರಕ್ಷಣೆ ಸಡಿಲಿಸಿ ಎದುರಾಳಿಗೆ ಒಂದು ಟಚ್‌ಡೌನ್ (ಚೆಂಡನ್ನು ಮೈದಾನದ ಕೊನೆಯ ಗೆರೆ ದಾಟಿಸುವುದು) ಬಿಟ್ಟುಕೊಟ್ಟರೆ ಪಂದ್ಯದ ಫಲಿತಾಂಶ ಬದಲಾಗುವುದಿಲ್ಲ, ಸ್ಪ್ರೆಡ್‌ನ ಫಲಿತಾಂಶ ಬದಲಾಗಬಹುದು. ಬ್ಯಾಕ್‌ಡೋರ್ ಕವರ್ ಎಂದು ಕರೆಯುವುದು ಇದನ್ನೇ.

ಒಹಾಯೋ ಸ್ಟೇಟ್ ತಂಡದ ಊರಾದ ಕೊಲಂಬಸ್‌ನಲ್ಲಿದ್ದೇನೆ. ಇಲ್ಲಿ 6.5ಕ್ಕೂ 7.5ಕ್ಕೂ ನಡುವಿನ ಒಂದು ಅಂಕಕ್ಕೆ ಜನ ಜೀವ ಬಿಡುತ್ತಾರೆ. 18.5 ಹೋಗಿ 19.5 ಆದರೆ ಯಾರೂ ತಲೆ ಕೆಡಿಸಿಕೊಳ್ಳುವುದಿಲ್ಲ. ಯಾಕೆ?

ಎಲ್ಲ ಅಂಕಗಳೂ ಒಂದೇ ತೂಕದವಲ್ಲ. ಕ್ರಿಕೆಟ್‌ನಂತೆ ಇಲ್ಲಿ ಒಂದೊಂದೇ ರನ್ ಸೇರುವುದಿಲ್ಲ. ಟಚ್‌ಡೌನ್‌ಗೆ 6, ಅದರ ಹಿಂದೆಯೇ ಒಂದು ಕಿಕ್‌ಗೆ 1, ಅದರ ಬದಲು 3 ಗಜ ದೂರದಿಂದ ಮತ್ತೆ ನುಗ್ಗಿದರೆ 2, ಚೆಂಡನ್ನು ಕಂಬಗಳ ನಡುವೆ ಒದೆಯುವ ಫೀಲ್ಡ್ ಗೋಲ್‌ಗೆ 3, ಚೆಂಡು ಹಿಡಿದವನನ್ನು ಅವನದೇ ತುದಿಯ ಗೆರೆಯಾಚೆ ಕೆಡವುವ ಅಪರೂಪದ ಸೇಫ್ಟಿಗೆ 2. ಕಿಕ್ ಸಾಮಾನ್ಯವಾಗಿ ತಪ್ಪದ ಕಾರಣ ಅಂಕಗಳು 7ರ ಮತ್ತು 3ರ ಕಟ್ಟುಗಳಲ್ಲಿ ಬರುತ್ತವೆ. ಹಾಗಾಗಿ ಗೆಲುವಿನ ಅಂತರವೂ 3, 7, ಆಮೇಲೆ 10, 14ರಲ್ಲಿ ಹೆಚ್ಚು ನಿಲ್ಲುತ್ತದೆ. ಮೈನಸ್ 6.5ಕ್ಕೆ ಕಟ್ಟಿದವರಿಗೆ 7ರ ಗೆಲುವು ಹಣ ತರುತ್ತದೆ. ಮೈನಸ್ 7ಕ್ಕೆ ಕಟ್ಟಿದವರಿಗೆ ಅದೇ ಗೆಲುವು ಪುಶ್, ಮೈನಸ್ 7.5ಕ್ಕೆ ಸೋಲು. 18.5 ಮತ್ತು 19.5ರ ನಡುವೆ ಇರುವುದು 19 ಮಾತ್ರ. ಆ ಅಂತರದಲ್ಲಿ ಮುಗಿಯುವ ಪಂದ್ಯಗಳು ಕಡಿಮೆ.

ಬಾಜಿ ಕಟ್ಟಿಸಿಕೊಳ್ಳುವ ಸ್ಪೋರ್ಟ್ಸ್‌ಬುಕ್ ಆ್ಯಪ್‌ಗಳು ಈ ಅರ್ಧ ಅಂಕವನ್ನು ಮಾರುತ್ತವೆ. ಮೈನಸ್ 7.5 ಬೇಡ, ಮೈನಸ್ 7 ಕೊಡಿ ಎಂದರೆ 100 ಡಾಲರ್ ಗೆಲ್ಲಲು 110ರ ಬದಲು 120 ಕಟ್ಟಿಸಿಕೊಳ್ಳುತ್ತವೆ ಅನ್ನೋಣ. ಕೊಳ್ಳಬೇಕೇ? ಲೆಕ್ಕ ಹೀಗಿದೆ. ಅರ್ಧದಷ್ಟು ಬಾಜಿಗಳು ಸೋಲುತ್ತವೆ ಎಂದಿಟ್ಟುಕೊಂಡರೆ, ಸೋತಾಗಲೆಲ್ಲ 10 ಡಾಲರ್ ಹೆಚ್ಚು ಹೋಗುತ್ತದೆ. ಪ್ರತಿಯಾಗಿ ಅಂತರ ಸರಿಯಾಗಿ 7 ಆದ ಪಂದ್ಯದಲ್ಲಿ 120 ಡಾಲರ್ ಉಳಿಯುತ್ತದೆ. ಸರಿದೂಗಬೇಕಾದರೆ 24 ಪಂದ್ಯಗಳಲ್ಲಿ ಒಂದಾದರೂ ಆ ತಂಡ ಸರಿಯಾಗಿ 7 ಅಂಕಗಳಿಂದ ಗೆಲ್ಲಬೇಕು. 3 ಮತ್ತು 7ರ ಹತ್ತಿರ ಈ ಲೆಕ್ಕ ಯೋಚಿಸುವಂಥದು. 12, 19ರಂಥ ಸಂಖ್ಯೆಗಳ ಹತ್ತಿರ ಅರ್ಧ ಅಂಕ ಕೊಳ್ಳುವುದು ಹಣ ಚೆಲ್ಲಿದಂತೆ.

ಹೆಚ್ಚುವರಿ ಅವಧಿಯ ಅಂಕಗಳೂ ಸ್ಪ್ರೆಡ್‌ಗೆ ಸೇರುತ್ತವೆ ಎಂಬುದನ್ನು ಹೊಸಬರು ಗಮನಿಸುವುದಿಲ್ಲ. 2021ರಿಂದ ಕಾಲೇಜು ಆಟದಲ್ಲಿ ಮೂರನೇ ಹೆಚ್ಚುವರಿ ಅವಧಿಗೆ ಹೋದರೆ ಎರಡೂ ತಂಡಗಳು ಸರದಿಯಂತೆ 2 ಅಂಕದ ಯತ್ನಗಳನ್ನಷ್ಟೇ ಮಾಡುತ್ತವೆ. ಅಲ್ಲಿ ಪಂದ್ಯ ಸಾಮಾನ್ಯವಾಗಿ 2 ಅಂಕದ ಅಂತರದಲ್ಲೇ ಮುಗಿಯುತ್ತದೆ. ಪ್ಲಸ್ 2.5 ಹಿಡಿದವರಿಗೆ ಅದು ನೆರಳು, ಮೈನಸ್ 3 ಹಿಡಿದವರಿಗೆ ಬಿಸಿಲು.

ಇನ್ನೊಂದು ನಿಯಮವಿದೆ. ಪಂದ್ಯದ ಕೊನೆಯ ಯತ್ನದಲ್ಲಿ ಟಚ್‌ಡೌನ್ ಆಗಿ ಗೆಲುವು ತೀರ್ಮಾನವಾಗಿಬಿಟ್ಟರೆ ಆಮೇಲಿನ ಕಿಕ್ ಹೊಡೆಸುವುದೇ ಇಲ್ಲ. 2016ರಲ್ಲಿ ನಿಮ್ಮ ಕೊಲಂಬಸ್‌ನಲ್ಲೇ ಎರಡನೇ ಹೆಚ್ಚುವರಿ ಅವಧಿಯ ಟಚ್‌ಡೌನ್‌ನಿಂದ ಒಹಾಯೋ ಸ್ಟೇಟ್ 30–27ರಿಂದ ಗೆದ್ದಿತು. ಕಿಕ್ ಹೊಡೆಸಿದ್ದರೆ ಅಂತರ 4 ಆಗಬಹುದಿತ್ತು, 3ಕ್ಕೇ ನಿಂತಿತು. 2013ರಲ್ಲಿ ಅಲಬಾಮಾ ಮತ್ತು ಆಬರ್ನ್ ವಿಶ್ವವಿದ್ಯಾಲಯಗಳ ನಡುವಿನ, ಐರನ್ ಬೌಲ್ ಎಂದು ಕರೆಯುವ ಪಂದ್ಯ 34–28 ಎಂಬ ವಿಚಿತ್ರ ಸ್ಕೋರಿಗೆ ನಿಂತದ್ದೂ ಇದರಿಂದಲೇ. ಕೊನೆಯ ಸೆಕೆಂಡಿನಲ್ಲಿ ಅಲಬಾಮಾದ ಫೀಲ್ಡ್ ಗೋಲ್ ಗುರಿ ಮುಟ್ಟದೆ ಬಿತ್ತು, ಆಬರ್ನ್‌ನ ಕ್ರಿಸ್ ಡೇವಿಸ್ ಅದನ್ನು ಹಿಡಿದು ಇಡೀ ಮೈದಾನ ಓಡಿ ಟಚ್‌ಡೌನ್ ಮಾಡಿದ. ಅಲ್ಲಿಗೆ ಆಟ ಮುಗಿಯಿತು.

ಎರಡೂ ಕಡೆ ಅವಕಾಶ ಸಮ ಎನ್ನುತ್ತಾರೆ. ಹಾಗಾದರೆ ಪಕ್ಕದಲ್ಲಿ ಮೈನಸ್ 110 ಎಂದು ಬರೆದಿರುವುದೇನು? – ಓದುಗರು, ಶಿಕಾಗೋ

ಅದು ಅಂಗಡಿಯವನ ಕಮಿಷನ್. 100 ಡಾಲರ್ ಗೆಲ್ಲಲು 110 ಕಟ್ಟಬೇಕು ಎಂದರ್ಥ. ನೂರು ಬಾಜಿಗಳಲ್ಲಿ 50 ಗೆದ್ದರೆ 5,000 ಬರುತ್ತದೆ, 50 ಸೋತು 5,500 ಹೋಗುತ್ತದೆ. ಅರ್ಧಕ್ಕರ್ಧ ಸರಿಯಾಗಿ ಹೇಳಿಯೂ 500 ಡಾಲರ್ ನಷ್ಟ. 52 ಗೆದ್ದರೂ 80 ಡಾಲರ್ ಕೈಬಿಡುತ್ತದೆ. 53 ಗೆದ್ದರೆ 130 ಡಾಲರ್ ಲಾಭ. ಅಸಲು ಉಳಿಸಿಕೊಳ್ಳುವ ಗಡಿ ಶೇ 52.38. ಬೆಲೆ ಮೈನಸ್ 105 ಆದರೆ ಗಡಿ ಶೇ 51.22ಕ್ಕೆ ಇಳಿಯುತ್ತದೆ, ಮೈನಸ್ 120 ಆದರೆ ಶೇ 54.55ಕ್ಕೆ ಏರುತ್ತದೆ. ಶೇ 1–2 ಎಂದರೆ ಚಿಲ್ಲರೆ ಎನಿಸಬಹುದು. ಆದರೆ ಶೇ 53 ಮತ್ತು ಶೇ 51ರ ನಡುವಿನ ಜಾಗದಲ್ಲೇ ಈ ಇಡೀ ವ್ಯವಹಾರ ನಡೆಯುವುದು. ಒಂದೇ ಪಂದ್ಯಕ್ಕೆ ಒಂದು ಆ್ಯಪ್‌ನಲ್ಲಿ ಪ್ಲಸ್ 7, ಇನ್ನೊಂದರಲ್ಲಿ ಪ್ಲಸ್ 7.5 ಸಿಗುವುದುಂಟು. ತರಕಾರಿ ಕೊಳ್ಳುವಾಗ ನಾಲ್ಕು ಕಡೆ ಬೆಲೆ ಕೇಳುವವರು ಇಲ್ಲಿ ಕೇಳದಿರಲು ಕಾರಣವೇ ಇಲ್ಲ.

ಪಾರ್ಲೇ ಎಂದು ಹಲವು ಬಾಜಿಗಳನ್ನು ಒಂದೇ ದಾರಕ್ಕೆ ಪೋಣಿಸುವುದನ್ನು (ಎಲ್ಲವೂ ಗೆದ್ದರಷ್ಟೇ ಹಣ) ಆ್ಯಪ್‌ಗಳು ಎದ್ದು ಕಾಣುವಂತೆ ಮುಂದಿಡುತ್ತವೆ. ಅದರಲ್ಲಿ ಕಮಿಷನ್ ಮೇಲೆ ಕಮಿಷನ್ ಬೀಳುತ್ತದೆ. ಸಮ ಅವಕಾಶದ ಮೂರು ಬಾಜಿಗಳನ್ನು 100 ಡಾಲರಿಗೆ ಪೋಣಿಸಿ ಮೂರೂ ಗೆದ್ದರೆ ನ್ಯಾಯವಾಗಿ 700 ಲಾಭ ಬರಬೇಕು, ಮೈನಸ್ 110ರ ಬೆಲೆಗೆ ಬರುವುದು ಸುಮಾರು 596. ಒಂಟಿ ಬಾಜಿಯಲ್ಲಿ ಶೇ 4.5ರಷ್ಟಿದ್ದ ಅಂಗಡಿಯ ಪಾಲು ಇಲ್ಲಿ ಶೇ 13 ದಾಟುತ್ತದೆ. ಬೇಡ ಎಂಬುದು ನಮ್ಮ ನೇರ ಸಲಹೆ.

ಸಾಂಪ್ರದಾಯಿಕ ಎದುರಾಳಿಗಳ ಪಂದ್ಯದಲ್ಲಿ ಲೆಕ್ಕ ನಡೆಯುವುದಿಲ್ಲ, ದುರ್ಬಲ ತಂಡದ ಮೇಲೆ ಕಣ್ಣು ಮುಚ್ಚಿ ಕಟ್ಟಬೇಕು ಎನ್ನುತ್ತಾರೆ. ನಿಜವೇ? – ಓದುಗರು, ಡೆಟ್ರಾಯಿಟ್

ಈ ಮಾತು ಹುಟ್ಟಲು 2024ರಂಥ ಪಂದ್ಯಗಳು ಕಾರಣ. 10 ಗೆದ್ದು 1 ಸೋತಿದ್ದ ಒಹಾಯೋ ಸ್ಟೇಟ್, 6 ಗೆದ್ದು 5 ಸೋತಿದ್ದ ಮಿಷಿಗನ್. ಆಟ ಒಹಾಯೋ ಮೈದಾನದಲ್ಲಿ, ಸ್ಪ್ರೆಡ್ ಸುಮಾರು 20. ಮಿಷಿಗನ್ 13–10ರಿಂದ ಗೆದ್ದೇಬಿಟ್ಟಿತು. ಅದೇ ಒಹಾಯೋ ಮುಂದೆ 2025ರ ಜನವರಿಯಲ್ಲಿ ರಾಷ್ಟ್ರೀಯ ಚಾಂಪಿಯನ್ ಆಯಿತು. ಇಂಥದು ನೆನಪಿನಲ್ಲಿ ಉಳಿಯುತ್ತದೆ. 1897ರಲ್ಲಿ ಈ ಎರಡು ತಂಡಗಳ ಮೊದಲ ಪಂದ್ಯವೇ 34–0 ಆಗಿತ್ತು ಎಂಬುದು ಉಳಿಯುವುದಿಲ್ಲ. 2022ರಲ್ಲಿ ಮಿಷಿಗನ್ ಇದೇ ಕೊಲಂಬಸ್‌ನಲ್ಲಿ 45–23ರಿಂದ ಗೆದ್ದದ್ದನ್ನೂ ನೋಡಿ. ಕೂದಲೆಳೆ ಅಂತರದ ಪಂದ್ಯವಲ್ಲ ಅದು.

ಪೈಪೋಟಿಯ ಹುರುಪು ಸುಳ್ಳೆಂದಲ್ಲ. ಆದರೆ ಅದು ಎಲ್ಲರಿಗೂ ಗೊತ್ತಿರುವ ಸಂಗತಿ, ಸಂಖ್ಯೆ ಇಡುವವರಿಗೂ ಗೊತ್ತು. ಎಲ್ಲರಿಗೂ ಗೊತ್ತಿರುವುದು ಬೆಲೆಯಲ್ಲಿ ಆಗಲೇ ಸೇರಿರುತ್ತದೆ. 2024ರ ಪಂದ್ಯದಿಂದ ಕಲಿಯಬೇಕಾದದ್ದು ಬೇರೆ. ಅಲ್ಲಿ ಎರಡೂ ತಂಡ ಸೇರಿ ಹೊಡೆದದ್ದು 23 ಅಂಕ. ಅಂಕಗಳೇ ಕಡಿಮೆ ಬೀಳುವ ಆಟದಲ್ಲಿ 20ರ ಅಂತರ ಕಟ್ಟುವುದು ಬಲು ಕಷ್ಟ. ದೊಡ್ಡ ಸ್ಪ್ರೆಡ್ ಕಂಡಾಗ ಅದೇ ಪಂದ್ಯದ ಒಟ್ಟು ಅಂಕಗಳ ಅಂದಾಜನ್ನೂ ಪಕ್ಕದಲ್ಲಿಟ್ಟು ನೋಡಿ. ಒಟ್ಟು 60 ಎಂದಿರುವಾಗಿನ 20ಕ್ಕೂ ಒಟ್ಟು 42 ಎಂದಿರುವಾಗಿನ 20ಕ್ಕೂ ಬಹಳ ವ್ಯತ್ಯಾಸವಿದೆ. ಈ ಪಂದ್ಯ ನಡೆಯುವ ನವೆಂಬರ್ ಕೊನೆಯ ಶನಿವಾರ ಆ ಕಡೆ ಹಿಮ ಬೀಳುವುದನ್ನು ಜನ ನೋಡುತ್ತಾರೆ. ಹಿಮಕ್ಕಿಂತ ಗಾಳಿಯನ್ನು ನೋಡಬೇಕು. ಜೋರು ಗಾಳಿ ಉದ್ದದ ಪಾಸನ್ನೂ ದೂರದ ಕಿಕ್ಕನ್ನೂ ಕೆಡಿಸುತ್ತದೆ.

ಸ್ಪ್ರೆಡ್ ವಾರವಿಡೀ ಕದಲುತ್ತಿರುತ್ತದೆ. ದಾಳಿಯನ್ನು ನಡೆಸುವ ಮುಖ್ಯ ಆಟಗಾರ, ಎಂದರೆ ಕ್ವಾರ್ಟರ್‌ಬ್ಯಾಕ್, ಆಡುವುದಿಲ್ಲ ಎಂದು ತಿಳಿದರೆ ಒಮ್ಮೆಗೇ ಹಲವು ಅಂಕ ಜಾರುತ್ತದೆ. ಎರಡೂ ಕಡೆ ಸಮ ಹಣ ಬರಲೆಂದೇ ಸಂಖ್ಯೆ ಬದಲಿಸುತ್ತಾರೆ ಎಂಬುದು ಅರ್ಧ ಸತ್ಯ. ಸಾವಿರ ಅಭಿಮಾನಿಗಳ ಸಣ್ಣ ಬಾಜಿಗಳಿಗೆ ಅಲುಗದ ಸಂಖ್ಯೆ, ಲೆಕ್ಕ ಬಲ್ಲವರೆಂದು ಗುರುತಿಸಿಕೊಂಡ ಕೆಲವರ ಹಣಕ್ಕೆ ಅಲುಗುತ್ತದೆ. ನೀವು ಪ್ಲಸ್ 7.5ಕ್ಕೆ ಕಟ್ಟಿದ್ದು ಆಟ ಶುರುವಾಗುವ ಹೊತ್ತಿಗೆ 6.5 ಆಗಿದ್ದರೆ ಒಳ್ಳೆಯ ಬೆಲೆಗೆ ಕೊಂಡಿರಿ ಎಂದರ್ಥ, ಆ ಒಂದು ಪಂದ್ಯ ಗೆದ್ದರೂ ಸೋತರೂ. ಸಂಖ್ಯೆ ಪದೇ ಪದೇ ನಿಮ್ಮ ವಿರುದ್ಧವೇ ಸರಿಯುತ್ತಿದ್ದರೆ ನಿಮ್ಮ ಅಂದಾಜಿನಲ್ಲೇ ತಪ್ಪಿದೆ. ಹುಟ್ಟೂರಿನ ತಂಡದ ಪಂದ್ಯದಲ್ಲಿ ಈ ತಪ್ಪು ಹೆಚ್ಚು. ಡೆಟ್ರಾಯಿಟ್‌ನಲ್ಲಿದ್ದು ಮಿಷಿಗನ್ ಮೇಲಿನ ಅಭಿಮಾನವನ್ನು ಲೆಕ್ಕದಿಂದ ಬೇರ್ಪಡಿಸಲು ಆಗದಿದ್ದರೆ, ಆ ಒಂದು ಪಂದ್ಯಕ್ಕೆ ಕಟ್ಟದೆ ಬಿಡುವುದೇ ಲೇಸು.

ಪಂದ್ಯವೇ ರದ್ದಾದರೆ?

ಹಣ ವಾಪಸ್. 2020ರಲ್ಲಿ ಕೋವಿಡ್‌ನಿಂದ ಮಿಷಿಗನ್–ಒಹಾಯೋ ಸ್ಟೇಟ್ ಪಂದ್ಯ ನಡೆಯಲೇ ಇಲ್ಲ. ಅರ್ಧಕ್ಕೆ ನಿಂತ ಪಂದ್ಯಕ್ಕೆ, ಮತ್ತು ಮುಂದೂಡಿದ ಪಂದ್ಯಕ್ಕೆ ಪ್ರತಿ ಸ್ಪೋರ್ಟ್ಸ್‌ಬುಕ್‌ಗೂ ತನ್ನದೇ ನಿಯಮವಿದೆ. ಖಾತೆ ತೆರೆಯುವ ಮೊದಲೇ ಓದಿ.

ಇದನ್ನು ಬೆಂಗಳೂರಿನಿಂದ ಕಟ್ಟಬಹುದೇ? ಟೆಕ್ಸಾಸ್‌ನಲ್ಲಿರುವ ಅಣ್ಣನ ಹೆಸರಿನಲ್ಲಿ?

ಎರಡೂ ಆಗದು. ಭಾರತದಲ್ಲಿ 2025ರ ಆನ್‌ಲೈನ್ ಗೇಮಿಂಗ್ ಕಾಯ್ದೆ ಹಣ ಕಟ್ಟಿ ಆಡುವ ಆನ್‌ಲೈನ್ ಆಟಗಳನ್ನು ನಿಷೇಧಿಸಿದೆ, ಅದಕ್ಕೆ ಹಣ ಸಾಗಿಸದಂತೆ ಬ್ಯಾಂಕುಗಳನ್ನೂ ತಡೆದಿದೆ. ಅಮೆರಿಕದಲ್ಲಿ ಸುಪ್ರೀಂ ಕೋರ್ಟ್ 2018ರ ಮೇ 14ರಂದು ಕ್ರೀಡಾ ಬಾಜಿಯ ಮೇಲಿನ ಹಳೆಯ ನಿಷೇಧವನ್ನು ತೆಗೆದುಹಾಕಿ, ನಿರ್ಧಾರವನ್ನು ಆಯಾ ರಾಜ್ಯಗಳಿಗೆ ಬಿಟ್ಟಿತು. ಮಿಷಿಗನ್‌ನಲ್ಲಿ ಆನ್‌ಲೈನ್ ಬೆಟ್ಟಿಂಗ್ 2021ರ ಜನವರಿಯಲ್ಲಿ, ಒಹಾಯೋದಲ್ಲಿ 2023ರ ಜನವರಿ 1ರಂದು ಶುರುವಾಯಿತು. ಎರಡೂ ಕಡೆ 21 ವರ್ಷ ತುಂಬಿರಬೇಕು. ಟೆಕ್ಸಾಸ್ ಮತ್ತು ಕ್ಯಾಲಿಫೋರ್ನಿಯಾಗಳು ಸ್ಪೋರ್ಟ್ಸ್‌ಬುಕ್‌ಗಳಿಗೆ ಪರವಾನಗಿ ಕೊಟ್ಟಿಲ್ಲ. ನ್ಯೂಜೆರ್ಸಿಯಲ್ಲಿ ಪರವಾನಗಿ ಇದೆ, ಆದರೆ ಆ ರಾಜ್ಯದ ಕಾಲೇಜು ತಂಡಗಳ ಮೇಲೆ, ಎಂದರೆ ರಟ್ಗರ್ಸ್‌ನಂಥವುಗಳ ಮೇಲೆ ಕಟ್ಟುವಂತಿಲ್ಲ. ಒಹಾಯೋ 2024ರಲ್ಲಿ ಒಬ್ಬೊಬ್ಬ ಕಾಲೇಜು ಆಟಗಾರನ ಸಾಧನೆಯ ಮೇಲಿನ ಬಾಜಿಯನ್ನು ನಿಲ್ಲಿಸಿತು. ಸೋತವರು ವಿದ್ಯಾರ್ಥಿಗಳಿಗೆ ಬೆದರಿಕೆ ಹಾಕುತ್ತಿದ್ದುದನ್ನು ನೋಡಿದರೆ ಇದು ಸರಿಯಾದ ಕ್ರಮವೇ.

ಆ್ಯಪ್ ನೋಡುವುದು ವಿಳಾಸವನ್ನಲ್ಲ, ಬಾಜಿ ಕಟ್ಟುವ ಕ್ಷಣದಲ್ಲಿ ಫೋನ್ ಎಲ್ಲಿದೆ ಎಂಬುದನ್ನು. ಬೇರೆಯವರ ಹೆಸರಿನ ಖಾತೆಯಲ್ಲಿ ಕಟ್ಟಿ ಸಿಕ್ಕಿಬಿದ್ದರೆ ಖಾತೆ ಮುಚ್ಚುತ್ತಾರೆ, ಗೆದ್ದ ಹಣವನ್ನು ತಡೆಹಿಡಿಯುತ್ತಾರೆ. ಗೆದ್ದ ಹಣ ಅಮೆರಿಕದಲ್ಲಿ ತೆರಿಗೆಗೆ ಒಳಪಡುವುದರಿಂದ ಅದು ಅಣ್ಣನ ಆದಾಯವಾಗಿ ದಾಖಲಾಗುವ ತೊಡಕೂ ಇದೆ.