ಎಲ್ವಿಸ್ ಕಳ್ಳನೇ? ಮೊದಲು ರಾಯಲ್ಟಿ ಯಾರ ಪಾಲಾಯಿತು ಕೇಳಿ

ವರ್ಷಕ್ಕೆ ಎರಡು ಸಲ ನನಗೆ ಬರುವ ಪ್ರಶ್ನೆಗಳು ಇದ್ದಕ್ಕಿದ್ದಂತೆ ಹೆಚ್ಚುತ್ತವೆ. ಒಂದು ಜನವರಿ 8ರ ಆಸುಪಾಸು, ಇನ್ನೊಂದು ಆಗಸ್ಟ್ 16ರ ಆಸುಪಾಸು. ಮೊದಲನೆಯದು ಅಮೆರಿಕದ ರಾಕ್ ಅಂಡ್ ರೋಲ್ ಗಾಯಕ ಎಲ್ವಿಸ್ ಪ್ರೆಸ್ಲಿ ಹುಟ್ಟಿದ ದಿನ, ಎರಡನೆಯದು ತೀರಿಕೊಂಡ ದಿನ. ಆತ ಯಾರು, ಏನು ಹಾಡಿದ ಎಂದು ಇಲ್ಲಿ ಹೇಳುತ್ತ ಕೂರುವುದಿಲ್ಲ. ಪಾಶ್ಚಾತ್ಯ ಜನಪ್ರಿಯ ಸಂಗೀತದ ಚರಿತ್ರೆ ಪಾಠ ಹೇಳಲು ಶುರುಮಾಡಿದ ವರ್ಷದಿಂದಲೂ ಅವೇ ಐದಾರು ಪ್ರಶ್ನೆಗಳು ತಿರುಗಿ ತಿರುಗಿ ಬರುತ್ತಿವೆ. ಅವುಗಳಲ್ಲಿ ಒಂದಕ್ಕೆ ಮಾತ್ರ ವಿವರವಾಗಿ ಉತ್ತರಿಸುತ್ತೇನೆ, ಏಕೆಂದರೆ ಅದನ್ನು ಕೇಳುವವರಲ್ಲಿ ನಿಜವಾದ ಸಿಟ್ಟಿದೆ. ಆ ಸಿಟ್ಟಿನ ಮೇಲೆ ನನಗೆ ಗೌರವವಿದೆ. ಉಳಿದವು ಚುಟುಕಾಗಿ.

ಎಲ್ವಿಸ್ ಇನ್ನೂ ಬದುಕಿದ್ದಾನಂತೆ, ಸಮಾಧಿಯ ಮೇಲೆ ಹೆಸರಿನ ಕಾಗುಣಿತವೇ ಬೇರೆ ಇದೆಯಂತೆ. ನಿಜವೇ?

ಬದುಕಿಲ್ಲ. 1977ರ ಆಗಸ್ಟ್ 16ರಂದು, 42ನೇ ವಯಸ್ಸಿನಲ್ಲಿ, ಮೆಂಫಿಸ್‌ನ ಗ್ರೇಸ್‌ಲ್ಯಾಂಡ್ ಮನೆಯಲ್ಲಿ ಕುಸಿದುಬಿದ್ದು ತೀರಿಕೊಂಡ. ದಯವಿಟ್ಟು ಇದನ್ನು ಇನ್ನು ಕೇಳಬೇಡಿ.

ನೂರು ಕೋಟಿ ರೆಕಾರ್ಡ್ ಮಾರಾಟವಾಗಿವೆ ಎನ್ನುತ್ತಾರೆ, ಸರಿಯೇ?

ಅಷ್ಟನ್ನು ಎಣಿಸಿ ತೋರಿಸಿದವರಿಲ್ಲ. ಅಮೆರಿಕದ ರೆಕಾರ್ಡಿಂಗ್ ಉದ್ಯಮದ ಸಂಘ ಪ್ರಮಾಣಪತ್ರ ಕೊಟ್ಟಿರುವುದು ಆ ದೇಶದ ಸುಮಾರು 14 ಕೋಟಿ ಆಲ್ಬಂಗಳಿಗೆ. ಅದೇನು ಕಡಿಮೆಯೇ?

ಶಮ್ಮಿ ಕಪೂರ್ ಎಲ್ವಿಸ್‌ನ ನಕಲು ಅಲ್ಲವೇ?

ಕೂದಲು ಬಾಚುವ, ಮೈ ಕುಣಿಸುವ ರೀತಿ ನೋಡಿ ‘ಭಾರತದ ಎಲ್ವಿಸ್’ ಎಂದರು. ಆದರೆ ಆ ಹಾಡುಗಳಲ್ಲಿ ಬಹುಪಾಲು ದನಿ ಮೊಹಮ್ಮದ್ ರಫಿಯವರದು. ರಫಿಯವರ ಹೆಸರನ್ನೇ ಎತ್ತದೆ ಮಾಡುವ ಈ ಹೋಲಿಕೆ ನನಗೆ ಒಪ್ಪಿಗೆಯಿಲ್ಲ.

‘ಎಲ್ವಿಸ್‌ನದೆಲ್ಲ ಕದ್ದ ಮಾಲು. ಕಪ್ಪು ಕಲಾವಿದರ ಹಾಡು ತೆಗೆದುಕೊಂಡು ರಾಕ್ ಅಂಡ್ ರೋಲ್‌ನ ರಾಜನಾದ. ಅಂಥವನ ಪ್ರಭಾವವನ್ನು ನೀವು ತರಗತಿಯಲ್ಲಿ ಯಾಕೆ ಕಲಿಸುತ್ತೀರಿ?’ — ಧಾರವಾಡದ ಒಬ್ಬ ವಿದ್ಯಾರ್ಥಿನಿ

‘ಕದ್ದ’ ಎಂಬ ಒಂದೇ ಮಾತಿಗೆ ನಿಂತುಬಿಟ್ಟರೆ ನಿಜವಾಗಿ ಕದ್ದವರು ತಪ್ಪಿಸಿಕೊಳ್ಳುತ್ತಾರೆ. ಅದಕ್ಕೇ ಕಲಿಸುತ್ತೇನೆ. ಮೂರು ಹಾಡುಗಳನ್ನು ಎದುರಿಗಿಟ್ಟುಕೊಂಡು ನೋಡಿ.

1954ರ ಜುಲೈ 5ರ ರಾತ್ರಿ, ಮೆಂಫಿಸ್‌ನ ಯೂನಿಯನ್ ಅವೆನ್ಯೂದಲ್ಲಿ, ಸನ್ ಎಂಬ ರೆಕಾರ್ಡ್ ಕಂಪನಿ ನಡೆಸುತ್ತಿದ್ದ ಸ್ಯಾಮ್ ಫಿಲಿಪ್ಸ್‌ನ ಪುಟ್ಟ ಸ್ಟುಡಿಯೊ. 19 ವರ್ಷದ ಎಲ್ವಿಸ್, ಗಿಟಾರ್‌ಗೆ ಸ್ಕಾಟಿ ಮೂರ್, ಬಾಸ್‌ಗೆ ಬಿಲ್ ಬ್ಲ್ಯಾಕ್. ಡ್ರಮ್ ಇಲ್ಲ. ಗಂಟೆಗಟ್ಟಲೆ ಹಾಡಿದರೂ ಏನೂ ಕೂಡಿಬಂದಿರಲಿಲ್ಲ. ನಡುವೆ ದಣಿವಾರಿಸಿಕೊಳ್ಳುವಾಗ ಹುಡುಗ ಸುಮ್ಮನೆ ಒಂದು ಹಳೆಯ ಹಾಡು ಎತ್ತಿಕೊಂಡ: ‘ದಟ್ಸ್ ಆಲ್ ರೈಟ್’. ಅದು ಮಿಸಿಸಿಪ್ಪಿಯ ಕಪ್ಪು ಬ್ಲೂಸ್ ಗಾಯಕ ಆರ್ಥರ್ ಕ್ರುಡಪ್ ಬರೆದು 1946ರಲ್ಲಿ ರೆಕಾರ್ಡ್ ಮಾಡಿದ್ದ ಹಾಡು. ಆ ರೆಕಾರ್ಡಿನ ಹಿಂಬದಿಗೆ ಬಂದದ್ದು ‘ಬ್ಲೂ ಮೂನ್ ಆಫ್ ಕೆಂಟಕಿ’. ಅದು ಬಿಲ್ ಮನ್ರೊ ಎಂಬ ಬಿಳಿಯ ಬ್ಲೂಗ್ರಾಸ್ ಗಾಯಕನದು. ಮೂಲದಲ್ಲಿ ಮೂರೆಣಿಕೆಯ ನಿಧಾನದ ವಾಲ್ಟ್ಸ್. ಎಲ್ವಿಸ್ ಅದನ್ನು ನಾಲ್ಕೆಣಿಕೆಗೆ ತಂದು ಓಡಿಸಿಬಿಟ್ಟ. ಒಂದೇ ತಟ್ಟೆಯ ಒಂದು ಬದಿ ಕಪ್ಪು ಜನರ ಬ್ಲೂಸ್, ಇನ್ನೊಂದು ಬದಿ ಬಿಳಿಯರ ಗುಡ್ಡಗಾಡಿನ ಹಾಡು, ಎರಡೂ ತಮ್ಮ ಮೂಲದ ಹಾಗಿಲ್ಲ. ನಮ್ಮ ಕರ್ನಾಟಕ ಸಂಗೀತದಲ್ಲಿ ಪಾಠಾಂತರ ಎನ್ನುತ್ತೇವಲ್ಲ, ಒಂದೇ ಕೃತಿ ಬೇರೆ ಮನೆತನದಲ್ಲಿ ಬೇರೆ ನಡೆ, ಬೇರೆ ಸಂಗತಿ ಪಡೆಯುವುದು, ಕೇಳುವಾಗ ನನಗೆ ಅದೇ ನೆನಪಾಗುತ್ತದೆ. ಪಾಠಾಂತರ ಮಾಡಿದವರನ್ನು ನಾವು ಕಳ್ಳರೆನ್ನುವುದಿಲ್ಲ.

ಕೆಲವೇ ದಿನಗಳಲ್ಲಿ ಡ್ಯೂಯಿ ಫಿಲಿಪ್ಸ್ ಎಂಬಾತ ಅದನ್ನು ಮೆಂಫಿಸ್ ರೇಡಿಯೊದಲ್ಲಿ ಒಂದೇ ರಾತ್ರಿ ಮತ್ತೆ ಮತ್ತೆ ಹಾಕಿದ. ಹುಡುಗನನ್ನು ಸ್ಟುಡಿಯೊಗೆ ಕರೆಸಿ ಕೇಳಿದ ಮುಖ್ಯ ಪ್ರಶ್ನೆ: ‘ಯಾವ ಹೈಸ್ಕೂಲಿನಲ್ಲಿ ಓದಿದೆ?’ ಹ್ಯೂಮ್ಸ್ ಎಂದ ಕೂಡಲೆ ಕೇಳುಗರಿಗೆ ಆತ ಬಿಳಿಯ ಎಂದು ತಿಳಿಯಿತು, ಏಕೆಂದರೆ ಆ ಊರಿನಲ್ಲಿ ಮೈಬಣ್ಣದ ಪ್ರಕಾರ ಶಾಲೆಗಳೇ ಬೇರೆ. ಕೇಳುಗರ ಕಿವಿಗೆ ಗೊತ್ತಾಗದ ಬಣ್ಣವನ್ನು ಶಾಲೆಯ ಹೆಸರಿನಿಂದ ತಿಳಿಸಬೇಕಾಗಿ ಬಂತು. ಎಲ್ವಿಸ್‌ನ ಪ್ರಭಾವದ ಬೇರು ನನ್ನ ಮಟ್ಟಿಗೆ ಅಲ್ಲಿದೆ. ಸೊಂಟ ಕುಣಿಸಿದ್ದರಲ್ಲಿ ಇಲ್ಲ.

ಇನ್ನು ಕ್ರುಡಪ್‌ನ ಕಡೆ ಬನ್ನಿ. ಆತನ ಹಾಡುಗಳ ಹಕ್ಕು ಕೈತಪ್ಪಿದ್ದು ಎಲ್ವಿಸ್ ಸ್ಟುಡಿಯೊ ಮೆಟ್ಟಿಲು ಹತ್ತುವುದಕ್ಕಿಂತ ಬಹಳ ಹಿಂದೆ, ತನ್ನ ಮ್ಯಾನೇಜರ್‌ನ ಕೈಯಲ್ಲಿ. ಹಾಡಿ ಹೊಟ್ಟೆ ತುಂಬದೆ ಹೊಲದ ಕೂಲಿಗೆ ಹೋದ. 1970ರ ದಶಕದ ಆರಂಭದಲ್ಲಿ ಬಾಕಿ ರಾಯಲ್ಟಿಯೆಂದು 60,000 ಡಾಲರ್ ಕೊಡುವ ಮಾತಾಯಿತು. ಸಹಿಯ ದಿನ ಹಾಡುಗಳ ಹಕ್ಕು ಹೊಂದಿದ್ದ ಪ್ರಕಾಶಕರ ಕಡೆಯವರು ಹಿಂದೆ ಸರಿದರು. 1974ರಲ್ಲಿ ಕ್ರುಡಪ್ ಬಡವನಾಗಿಯೇ ತೀರಿಕೊಂಡ. ಇದನ್ನು ಓದಿದಾಗಲೆಲ್ಲ ನನಗೆ ನಮ್ಮ ಹಳೆಯ ಸಿನಿಮಾಗಳ ಒಂದು ಸಾಲು ನೆನಪಾಗುತ್ತದೆ: ‘ಸಾಹಿತ್ಯ: ಜನಪದ’. ಹಾಡಿಕೊಟ್ಟ ಹಳ್ಳಿಯ ಹೆಣ್ಣುಮಗಳಿಗೆ ಹೆಸರೂ ಇಲ್ಲ, ದುಡ್ಡೂ ಇಲ್ಲ.

ಎರಡನೆಯದು ‘ಹೌಂಡ್ ಡಾಗ್’. ಇದನ್ನು ಕಪ್ಪು ಬ್ಲೂಸ್ ಗಾಯಕಿ ಬಿಗ್ ಮಾಮಾ ಥಾರ್ನ್‌ಟನ್ ಬರೆದಳು, ಎಲ್ವಿಸ್ ಕದ್ದ ಎಂದು ಪ್ರತಿಸಲವೂ ಯಾರಾದರೂ ಬರೆಯುತ್ತಾರೆ. ಆಕೆ ಬರೆದಿಲ್ಲ. 1952ರಲ್ಲಿ ಆಕೆಗಾಗಿಯೇ ಬರೆದವರು ಜೆರಿ ಲೈಬರ್, ಮೈಕ್ ಸ್ಟೋಲರ್ ಎಂಬ 19ರ ಇಬ್ಬರು ಯಹೂದಿ ಹುಡುಗರು. 1953ರಲ್ಲಿ ಆಕೆಯ ರೆಕಾರ್ಡ್ ರಿದಂ ಅಂಡ್ ಬ್ಲೂಸ್, ಅಂದರೆ ಕಪ್ಪು ಜನರ ಸಂಗೀತದ, ಜನಪ್ರಿಯತೆಯ ಪಟ್ಟಿಯ ತುದಿಯಲ್ಲಿ 7 ವಾರ ಇತ್ತು. ತನ್ನ ಕೈಗೆ ಬಂದದ್ದು 500 ಡಾಲರಿನ ಒಂದು ಚೆಕ್, ಆಮೇಲೆ ಏನೂ ಇಲ್ಲ ಎಂದು ಆಕೆಯೇ ಹೇಳಿಕೊಂಡಿದ್ದಾಳೆ. ಅದನ್ನು ಹೊರತಂದ ಕಂಪನಿಯ ಮಾಲೀಕನೂ ಕಪ್ಪು ಜನಾಂಗದವನೇ. ಎಲ್ವಿಸ್ 1956ರಲ್ಲಿ ಹಿಡಿದುಕೊಂಡದ್ದು ಆಕೆಯ ಧಾಟಿಯನ್ನಲ್ಲ. ಲಾಸ್ ವೇಗಸ್‌ನಲ್ಲಿ ಫ್ರೆಡಿ ಬೆಲ್‌ನ ತಂಡ ಪದ ಬದಲಿಸಿ ತಮಾಷೆಗೆ ಹಾಡುತ್ತಿದ್ದ ಧಾಟಿಯನ್ನು. ಎರಡನ್ನೂ ಒಂದರ ಹಿಂದೊಂದು ಕೇಳಿ. ಥಾರ್ನ್‌ಟನ್ ಕೆಲಸಕ್ಕೆ ಬಾರದ ಗಂಡಸನ್ನು ಹೊಸ್ತಿಲಾಚೆ ದಬ್ಬುತ್ತಿದ್ದಾಳೆ, ಒಂದೊಂದು ಪದದಲ್ಲೂ ಆ ದಬ್ಬುವ ಕೈಯಿದೆ. ಎಲ್ವಿಸ್‌ನದರಲ್ಲಿ ವೇಗವಿದೆ, ರೋಷವಿದೆ, ಅರ್ಥ ಮಾತ್ರ ಸೋರಿಹೋಗಿದೆ. ನನ್ನನ್ನು ಕೇಳಿದರೆ ಥಾರ್ನ್‌ಟನ್ನಳದೇ ದೊಡ್ಡ ಕೆಲಸ. ಅದನ್ನು ಹೇಳುವುದಕ್ಕೆ ಎಲ್ವಿಸ್‌ನನ್ನು ಕಳ್ಳನೆನ್ನಬೇಕಾಗಿಲ್ಲ.

ಮೂರನೆಯದರಲ್ಲಿ ನಿಮ್ಮ ಸಿಟ್ಟು ನ್ಯಾಯವಾದದ್ದು. ‘ಡೋಂಟ್ ಬಿ ಕ್ರೂಯೆಲ್’ ಬರೆದವನು ಬ್ರೂಕ್ಲಿನ್‌ನ ಕಪ್ಪು ಗೀತರಚನೆಕಾರ ಓಟಿಸ್ ಬ್ಲ್ಯಾಕ್‌ವೆಲ್. ರೆಕಾರ್ಡಿನ ಮೇಲೆ ಮಾತ್ರ ಬರೆದವರು ಇಬ್ಬರು: ಬ್ಲ್ಯಾಕ್‌ವೆಲ್ ಮತ್ತು ಪ್ರೆಸ್ಲಿ. ಎಲ್ವಿಸ್ ಒಂದು ಸಾಲೂ ಬರೆದಿರಲಿಲ್ಲ. ಎಲ್ವಿಸ್ ಹಾಡಬೇಕಾದರೆ ಪಾಲು ಬಿಟ್ಟುಕೊಡು ಎಂಬುದು ಆ ಕಡೆಯವರ ಶರತ್ತು. ಮ್ಯಾನೇಜರ್ ಟಾಮ್ ಪಾರ್ಕರ್ ಮಾಡಿದ, ಹುಡುಗನಿಗೆ ಗೊತ್ತಿರಲಿಲ್ಲ ಎಂಬ ಸಮಜಾಯಿಷಿಯನ್ನು ನಾನು ಕೊಡುವುದಿಲ್ಲ. ಹೆಸರು ಆತನದು, ಹಣವೂ ಆತನ ಕಡೆಗೇ ಹೋಯಿತು. ಬ್ಲ್ಯಾಕ್‌ವೆಲ್‌ಗೆ ಇಲ್ಲವೆನ್ನುವ ಶಕ್ತಿ ಇರಲಿಲ್ಲ. ಸುಮಾರು 20 ವರ್ಷದ ಮೇಲೆ, ತನ್ನ ಹಾಡು ತಾನೇ ಬರೆಯುವ ಗಾಯಕಿ ಡಾಲಿ ಪಾರ್ಟನ್‌ಗೆ ಇತ್ತು. ಆಕೆಯ ‘ಐ ವಿಲ್ ಆಲ್ವೇಸ್ ಲವ್ ಯೂ’ ಹಾಡಲು ಎಲ್ವಿಸ್ ತಯಾರಾಗಿದ್ದ, ಪಾರ್ಕರ್ ಪ್ರಕಾಶನ ಹಕ್ಕಿನಲ್ಲಿ ಅರ್ಧ ಕೇಳಿದ. ಆಕೆ ಅತ್ತಳಂತೆ, ಆದರೂ ಕೊಡಲಿಲ್ಲ. 1992ರಲ್ಲಿ ವಿಟ್ನಿ ಹ್ಯೂಸ್ಟನ್ ಅದನ್ನು ಹಾಡಿದಾಗ ಹಕ್ಕಿನ ಹಣ ಬಂದದ್ದು ಪಾರ್ಟನ್‌ಗೆ. ನನ್ನ ವಿದ್ಯಾರ್ಥಿಗಳಲ್ಲಿ ಹಾಡು ಕಟ್ಟುವವರಿಗೆಲ್ಲ ಈ ಕಥೆ ಎರಡು ಸಲ ಹೇಳುತ್ತೇನೆ, ಕರಾರುಪತ್ರ ಓದದೆ ಸಹಿ ಹಾಕಬೇಡಿ ಎಂದು.

ಈ ಪ್ರಶ್ನೆಯ ಜೊತೆ ತಪ್ಪದೆ ಬರುವ ಇನ್ನೊಂದು ಮಾತಿದೆ: ಕಪ್ಪು ಜನರು ನನ್ನ ರೆಕಾರ್ಡ್ ಕೊಂಡು ನನ್ನ ಬೂಟು ಒರೆಸಿದರೆ ಸಾಕು ಎಂದು ಎಲ್ವಿಸ್ ಹೇಳಿದನಂತೆ. ಈ ಮಾತನ್ನು ಇನ್ನೂ ಹಂಚುವವರ ಮೇಲೆ ನನಗೆ ಕೋಪವಿದೆ. 1957ರಲ್ಲೇ ಕಪ್ಪು ಓದುಗರ ಪತ್ರಿಕೆ ‘ಜೆಟ್’ ಇದರ ಬೆನ್ನು ಹತ್ತಿತು. ಅದರ ವರದಿಗಾರ ಎಲ್ವಿಸ್‌ನನ್ನೂ ಆತನನ್ನು ಬಲ್ಲ ಕಪ್ಪು ಜನರನ್ನೂ ಮಾತಾಡಿಸಿದ. ಆತ ಹಾಗೆ ಹೇಳಿದ್ದಕ್ಕೆ ಆಧಾರವೇ ಸಿಗಲಿಲ್ಲ. ಎಲ್ವಿಸ್ ಹೇಳಿದ್ದು ಬೇರೆ: ರಾಕ್ ಅಂಡ್ ರೋಲ್ ತನಗಿಂತ ಬಹಳ ಮೊದಲೇ ಇತ್ತು, ಕಪ್ಪು ಗಾಯಕ ಫ್ಯಾಟ್ಸ್ ಡಾಮಿನೊ ಹಾಗೆ ಹಾಡುವುದು ತನ್ನಿಂದಾಗದು. ಹಿಂದಿನ ವರ್ಷ ಷಾರ್ಲಟ್ ಊರಿನ ಪತ್ರಿಕೆಯೊಂದಕ್ಕೆ ಕ್ರುಡಪ್‌ನ ಹೆಸರನ್ನೇ ಹೇಳಿದ್ದ. 1969ರಲ್ಲಿ ಲಾಸ್ ವೇಗಸ್‌ನಲ್ಲಿ ಪತ್ರಕರ್ತರು ‘ರಾಜ’ ಎಂದಾಗ ಅಲ್ಲೇ ಇದ್ದ ಡಾಮಿನೊನತ್ತ ಕೈತೋರಿಸಿದ.

ಹಾಗೆಂದು ಎಲ್ಲವೂ ಸರಿಹೋಯಿತೇ? ಇಲ್ಲ. 1955ರಲ್ಲಿ ಡಾಮಿನೊ ಹಾಡಿದ ‘ಏಂಟ್ ದಟ್ ಎ ಷೇಮ್’ ಅನ್ನು ಬಿಳಿಯ ಗಾಯಕ ಪ್ಯಾಟ್ ಬೂನ್ ನುಣ್ಣಗೆ ಹಾಡಿ ಪಾಪ್ ಪಟ್ಟಿಯ ತುದಿಗೇರಿದ, ಮೂಲ ಕೆಳಗೇ ಉಳಿಯಿತು. ಬಿಳಿಯ ಮುಖಕ್ಕೆ ತೆರೆಯುವ ಬಾಗಿಲು ಬೇರೆ, ಕಪ್ಪು ಮುಖಕ್ಕೆ ತೆರೆಯುವುದು ಬೇರೆ. ಎಲ್ವಿಸ್ ದಾಟಿಹೋದದ್ದೂ ಆ ಮೊದಲನೆಯ ಬಾಗಿಲನ್ನೇ. ಸ್ಯಾಮ್ ಫಿಲಿಪ್ಸ್‌ನಿಂದ ಆತನ ಕರಾರನ್ನು 1955ರ ನವೆಂಬರ್‌ನಲ್ಲಿ ಆರ್‌ಸಿಎ ಎಂಬ ದೊಡ್ಡ ರೆಕಾರ್ಡ್ ಕಂಪನಿ 35,000 ಡಾಲರ್ ಕೊಟ್ಟು ಕೊಂಡಿತು. ಆ ಕಾಲಕ್ಕೆ ಅದು ಭಾರಿ ಮೊತ್ತ. ಮರುವರ್ಷ ‘ಹೌಂಡ್ ಡಾಗ್’, ‘ಡೋಂಟ್ ಬಿ ಕ್ರೂಯೆಲ್’ ಎರಡು ಬದಿಯ ಒಂದು ರೆಕಾರ್ಡ್ ಪಾಪ್, ಕಂಟ್ರಿ, ರಿದಂ ಅಂಡ್ ಬ್ಲೂಸ್ ಮೂರೂ ಪಟ್ಟಿಗಳ ಮೊದಲ ಸ್ಥಾನಕ್ಕೆ ಹೋಯಿತು. ಜನರನ್ನು ಬೇರೆಬೇರೆ ಮಾಡಲೆಂದೇ ಇದ್ದ ಪಟ್ಟಿಗಳವು. ಆ ಡಿಸೆಂಬರ್‌ನಲ್ಲಿ ಮೆಂಫಿಸ್‌ನ ಕಪ್ಪು ಕೇಳುಗರ ರೇಡಿಯೊ ಡಬ್ಲ್ಯುಡಿಐಎ ನಡೆಸಿದ ಸಹಾಯಾರ್ಥ ಕಾರ್ಯಕ್ರಮಕ್ಕೆ ಆತ ಹೋಗಿದ್ದ, ಕಪ್ಪು ಬ್ಲೂಸ್ ಗಾಯಕ ಬಿ.ಬಿ. ಕಿಂಗ್ ಜೊತೆ ನಿಂತ ಫೋಟೊ ಇದೆ. 1957ರ ಜನವರಿ 6ರಂದು ಎಡ್ ಸಲಿವನ್ ಟಿವಿ ಕಾರ್ಯಕ್ರಮದಲ್ಲಿ ಕ್ಯಾಮೆರಾ ಆತನ ಸೊಂಟದ ಕೆಳಗೆ ಇಳಿಯಲಿಲ್ಲ ಎಂಬುದು ಎಲ್ಲರಿಗೂ ಗೊತ್ತು. ಆ ರಾತ್ರಿ ಹಾಡಿದ್ದರಲ್ಲಿ ‘ಪೀಸ್ ಇನ್ ದ ವ್ಯಾಲಿ’ಯೂ ಒಂದು, ಅದು ಕಪ್ಪು ಗಾಸ್ಪೆಲ್ ಸಂಗೀತದ ಹಿರಿಯ ಥಾಮಸ್ ಎ. ಡಾರ್ಸಿಯ ರಚನೆ. ಕೋಟ್ಯಂತರ ಬಿಳಿಯರ ಮನೆಯ ನಡುಕೋಣೆಗೆ ಕಪ್ಪು ಚರ್ಚಿನ ಹಾಡು ಹಾಗೆ ಹೊಕ್ಕಿತು. ನಾವು ಇಂದಿಗೂ ಸೊಂಟದ ಸುದ್ದಿಯನ್ನೇ ಮಾತಾಡುತ್ತೇವೆ.

1989ರಲ್ಲಿ ಪಬ್ಲಿಕ್ ಎನಿಮಿ ರ‍್ಯಾಪ್ ತಂಡ ಎಲ್ವಿಸ್‌ನನ್ನು ಕಟುವಾಗಿ ಜರೆಯಿತು. ಅದರ ಚಕ್ ಡಿ ಆಮೇಲೆ ಸ್ಪಷ್ಟಪಡಿಸಿದ: ತನ್ನ ತಕರಾರು ಆತನ ಪ್ರತಿಭೆಯ ಮೇಲಲ್ಲ, ಆತನಿಗೂ ಮೊದಲು ಬಂದವರನ್ನು ಮರೆಸಿ ಆತನೊಬ್ಬನಿಗೇ ಕಿರೀಟ ಇಟ್ಟದ್ದರ ಮೇಲೆ. ನಾನು ಅಲ್ಲಿ ಚಕ್ ಡಿ ಕಡೆ ನಿಲ್ಲುತ್ತೇನೆ. ನೀವೂ ನಿಲ್ಲಿ, ಆದರೆ ಸಿಟ್ಟನ್ನು ಲೆಕ್ಕದ ಪುಸ್ತಕ ಇಟ್ಟುಕೊಂಡವರ ಕಡೆ ತಿರುಗಿಸಿ.

ಮಗನಿಗೆ 15 ವರ್ಷ. ‘ಹತ್ತೇ ದಿನದಲ್ಲಿ ಎಲ್ವಿಸ್ ಕಂಠ’ ಎಂಬ ಆನ್‌ಲೈನ್ ಕೋರ್ಸ್‌ಗೆ ಸೇರಿಸಲೇ?

ಖಂಡಿತ ಬೇಡ. ಇಂಥ ಗುರುಗಳು ಮಕ್ಕಳ ಗಂಟಲು ಕೆಡಿಸಿ ಹಣ ಮಾಡುತ್ತಾರೆ. ಮೊದಲ ರೆಕಾರ್ಡ್‌ಗಳಲ್ಲಿ ನಿಮ್ಮ ಮಗ ಕೇಳುವ ಆ ನಡುಕದ ಗುಂಗು ಗಂಟಲಿನದಲ್ಲ. ಸ್ಯಾಮ್ ಫಿಲಿಪ್ಸ್ ಎರಡು ಟೇಪ್ ಯಂತ್ರ ಜೋಡಿಸಿ, ಅದೇ ದನಿಯನ್ನು ಚೂರು ತಡವಾಗಿ ಮತ್ತೆ ಬೆರೆಸುತ್ತಿದ್ದ. ಆರ್‌ಸಿಎಯವರು 1956ರ ಜನವರಿಯಲ್ಲಿ ಅದನ್ನೇ ತರಲು ಕಟ್ಟಡದೊಳಗಿನ ಕಾರಿಡಾರಿನ ಪ್ರತಿಧ್ವನಿ ಬಳಸಬೇಕಾಯಿತು. ಕಂಠ ಪಳಗಿದ್ದು ಚಿಕ್ಕಂದಿನಿಂದ ಚರ್ಚಿನಲ್ಲಿ ಹಾಡಿ, ಗಾಸ್ಪೆಲ್ ತಂಡಗಳನ್ನು ಕೇಳಿ ಕೇಳಿ. ದನಿ ಒಡೆಯುವ ವಯಸ್ಸಿನಲ್ಲಿ ಗಂಟಲು ಅದುಮಿ ದಪ್ಪ ದನಿ ತರುವ ಅಭ್ಯಾಸ ಅಪಾಯ. ಈಗಾಗಲೇ ದನಿ ಗೊಗ್ಗರಾಗಿದ್ದು ಎರಡು ವಾರದಲ್ಲಿ ಸರಿಹೋಗದಿದ್ದರೆ ಕಿವಿ-ಮೂಗು-ಗಂಟಲು ವೈದ್ಯರಿಗೆ ತೋರಿಸಿ.

ಸನ್ ಕಂಪನಿಯ ಅಸಲಿ ಎಲ್ವಿಸ್ ರೆಕಾರ್ಡ್, ಸಹಿ ಸಮೇತ, ಅಗ್ಗಕ್ಕೆ ಸಿಗುತ್ತಿದೆ. ಕೊಳ್ಳಲೇ?

ಬೇಡ. ಹಳದಿ ಲೇಬಲ್ಲಿನ ಒಂದನ್ನು ನಾನೂ ಹಿಂದೆ ನಂಬಿ ಕೊಂಡು, ನಕಲಿ ಎಂದು ತಿಳಿದ ಮೇಲೆ ಬಹಳ ದಿನ ನೊಂದಿದ್ದೇನೆ. ಮಾರಿದವರು ಆಮೇಲೆ ಕಾಗದಕ್ಕೂ ಉತ್ತರಿಸಲಿಲ್ಲ.

ಮಗಳ ಆರತಕ್ಷತೆಗೆ ಎಲ್ವಿಸ್ ದನಿಯಲ್ಲಿ ಎಐನಿಂದ ಕನ್ನಡ ಹಾಡು ಮಾಡಿಸಬಹುದೇ?

ಸತ್ತವರ ಮುಖ, ಹೆಸರುಗಳ ಮೇಲೆ ವಾರಸುದಾರರಿಗೆ ಹಕ್ಕು ಕೊಡುವ ಕಾನೂನು ಟೆನೆಸಿ ರಾಜ್ಯದಲ್ಲಿ 1984ರಲ್ಲಿ ಬಂದದ್ದೇ ಎಲ್ವಿಸ್‌ನ ಆಸ್ತಿಯ ವ್ಯಾಜ್ಯಗಳ ಹಿನ್ನೆಲೆಯಲ್ಲಿ. 2024ರಲ್ಲಿ ಅಲ್ಲಿ ಎಐ ನಕಲಿನಿಂದ ದನಿಯನ್ನೂ ಕಾಯುವ ಕಾನೂನು ಬಂತು. ಅದರ ಹೆಸರೇ ಎಲ್ವಿಸ್ ಕಾಯ್ದೆ. ನಮ್ಮಲ್ಲಿನ ಕಾನೂನನ್ನು ವಕೀಲರ ಹತ್ತಿರ ಕೇಳಿ. ನಾನಂತೂ ಮಾಡಿಸುವುದಿಲ್ಲ. ಮೂಲ ರೆಕಾರ್ಡನ್ನೇ ಹಾಕಿಸಿ: ಮೊದಲು ಕ್ರುಡಪ್‌ನ ‘ದಟ್ಸ್ ಆಲ್ ರೈಟ್’, ಹಿಂದೆಯೇ ಎಲ್ವಿಸ್‌ನದು. ಎರಡೂ ಸೇರಿ ಐದು ನಿಮಿಷದೊಳಗೆ ಮುಗಿಯುತ್ತವೆ.