ತುರ್ತು ಪರಿಸ್ಥಿತಿಯಲ್ಲಿ ಪತ್ರಿಕೆಗಳು ಬಾಯಿ ಮುಚ್ಚಿಕೊಂಡಿದ್ದವಾ?

1975ರ ತುರ್ತು ಪರಿಸ್ಥಿತಿಯಲ್ಲಿ ಒಂದು ಪತ್ರಿಕೆಯೂ ದನಿ ಎತ್ತಲಿಲ್ಲವೇ ಅಂತ ಕೇಳಿದ್ದೀರಿ. ಹೆಚ್ಚಿನವು ಎತ್ತಲಿಲ್ಲ, ನಿಜ. ಆದರೆ ಎಲ್ಲವೂ ಅಲ್ಲ.

ಮೊದಲ ಏಟು ಬಿದ್ದಿದ್ದು ಕರೆಂಟಿಗೆ. ಜೂನ್ 25ರ ರಾತ್ರಿ ದೆಹಲಿಯ ಬಹದ್ದೂರ್ ಷಾ ಜಫರ್ ಮಾರ್ಗದಲ್ಲಿ ವಿದ್ಯುತ್ ತೆಗೆದರು. ದೊಡ್ಡ ಪತ್ರಿಕೆಗಳ ಪ್ರೆಸ್ಸುಗಳು ಸಾಲಾಗಿ ಇದ್ದಿದ್ದೇ ಅಲ್ಲಿ. ಸ್ಟೇಟ್ಸ್‌ಮನ್, ಹಿಂದೂಸ್ತಾನ್ ಟೈಮ್ಸ್ ಕಚೇರಿಗಳು ಬೇರೆ ಕಡೆ ಇದ್ದವು, ಹಾಗಾಗಿ ಅಚ್ಚಾದವು. ಆಮೇಲೆ ಸೆನ್ಸಾರ್ ಬಂತು. ಜೂನ್ 28ರಂದು ಇಂಡಿಯನ್ ಎಕ್ಸ್‌ಪ್ರೆಸ್ ಸಂಪಾದಕೀಯದ ಜಾಗವನ್ನು ಖಾಲಿ ಬಿಟ್ಟಿತು. ನನಗೆ ಜಾಸ್ತಿ ಇಷ್ಟವಾಗುವುದು ಅದೇ ದಿನ ಮುಂಬೈಯ ಟೈಮ್ಸ್ ಆಫ್ ಇಂಡಿಯಾದಲ್ಲಿ ಬಂದ ಪುಟ್ಟ ನಿಧನ ವಾರ್ತೆ. ಸತ್ತವರ ಹೆಸರು 'ಡಿ.ಇ.ಎಂ. ಓಕ್ರಸಿ'! ಜೋರಾಗಿ ಓದಿದರೆ ಡೆಮಾಕ್ರಸಿ, ಅಲ್ವಾ? ದುಡ್ಡು ಕೊಟ್ಟು ಹಾಕಿಸಿದ ಜಾಹೀರಾತು, ಸೆನ್ಸಾರ್ ಕಣ್ಣಿಗೆ ಬೀಳಲೇ ಇಲ್ಲ.

1976ರಲ್ಲಿ ಪಿಟಿಐ, ಯುಎನ್‌ಐ ಸೇರಿ ನಾಲ್ಕು ಸುದ್ದಿ ಸಂಸ್ಥೆಗಳನ್ನು 'ಸಮಾಚಾರ್' ಅಂತ ಒಂದೇ ಮಾಡಿದರು. ಸುದ್ದಿಯ ಮೂಲವೇ ಒಂದಾದರೆ ಹಿಡಿತ ಸುಲಭ.

ಬಗ್ಗಿ ಅಂದರೆ ತೆವಳಿದಿರಿ ಎಂದು ಪತ್ರಕರ್ತರಿಗೆ ಆಮೇಲೆ ಹೇಳಿದ್ದು ಅಡ್ವಾಣಿ. ಅವರನ್ನು ಬಂಧಿಸಿದ್ದು ನಮ್ಮ ಬೆಂಗಳೂರಿನಲ್ಲೇ, ಜೂನ್ 26ರಂದು.