ಸಿಡ್ನಿಗೆ ಹೊಸಬರಾದ ತಮ್ಮನಿಗೆ: ಪೇಪರ್ ಯಾರದ್ದು ಅಂತ ಮೊದಲು ನೋಡು

ವಯಸ್ಸಿನಲ್ಲಿ ಚಿಕ್ಕವನು ಅನ್ನಿಸ್ತು, ಅದಕ್ಕೆ ತಮ್ಮ ಅಂತಲೇ ಬರೀತೀನಿ. ಬಾಡಿಗೆ ಮನೆ, ಲೈಸೆನ್ಸು, ಆಮೇಲೆ "ಇಲ್ಲಿಯ ರಾಜಕೀಯ ತಿಳ್ಕೊಳ್ಳೋಕೆ ಯಾವ ಪೇಪರ್ ಓದಲಿ" ಅಂತ ಕೇಳಿದ್ದೀಯ. ಮನೆ ವೆಸ್ಟ್‌ಮೀಡ್ ಕಡೆ ನೋಡು. ಲೈಸೆನ್ಸ್ ಬೇಗ ಮಾಡಿಸ್ಕೋ. ಪೇಪರ್ ವಿಷಯಕ್ಕೇ ಬರ್ತೀನಿ.

ನಾನು ಇಳಿದದ್ದು 2013ರ ಆಗಸ್ಟ್‌ನಲ್ಲಿ. ಚುನಾವಣೆ ಘೋಷಣೆಯಾದ ಮಾರನೇ ದಿನ ಸಿಡ್ನಿಯ ಡೈಲಿ ಟೆಲಿಗ್ರಾಫ್ ಪೇಪರ್ ಮುಖಪುಟದ ತುಂಬಾ, ಆಗ ಆಳ್ತಿದ್ದ ಲೇಬರ್ ಸರ್ಕಾರದ ಬಗ್ಗೆ, 'ಇವರನ್ನು ಒದ್ದೋಡಿಸಿ' ಅನ್ನೋ ಅರ್ಥದ ತಲೆಬರಹ ಹಾಕಿತ್ತು. ರೈಲ್ವೆ ಸ್ಟೇಷನ್ನಿನಲ್ಲಿ ನೋಡಿ ದಂಗಾದೆ. ಊರಲ್ಲಾದರೆ ಯಾವ ಚಾನೆಲ್ ಯಾರದ್ದು ಅಂತ ಟೀ ಅಂಗಡಿಯಲ್ಲಿ ಕೂತವರೇ ಹೇಳ್ತಾರೆ, ಅದಕ್ಕೆ ತಕ್ಕಂತೆ ಅರ್ಧ ಕಳೆದು ನಂಬ್ತೀವಿ, ಅಲ್ವಾ? ಇಲ್ಲಿ ಆ ಅಭ್ಯಾಸವನ್ನೇ ಬಿಟ್ಟುಬಿಟ್ಟೆ.

ಬ್ರಿಸ್ಬೇನ್, ಅಡಿಲೇಡ್, ಹೋಬಾರ್ಟ್, ಡಾರ್ವಿನ್, ಈ ಎಲ್ಲ ಊರುಗಳ ಮುಖ್ಯ ದಿನಪತ್ರಿಕೆ, ಆ ಟೆಲಿಗ್ರಾಫ್ ಕೂಡ, ಮರ್ಡಾಕ್ ಕುಟುಂಬದ ಮಾಧ್ಯಮ ಕಂಪನಿ ನ್ಯೂಸ್ ಕಾರ್ಪ್‌ದು. ಒಂದೇ ಊರಿನಲ್ಲಿ ಪೇಪರ್, ಟಿವಿ, ರೇಡಿಯೋ ಮೂರೂ ಒಬ್ಬರ ಕೈಗೆ ಹೋಗಬಾರದು ಅಂತ ಒಂದು ನಿಯಮ ಇತ್ತು. 2017ರಲ್ಲಿ ತೆಗೆದರು. ಮರುವರ್ಷವೇ ನೈನ್ ಟಿವಿಯವರು ಸಿಡ್ನಿ ಮಾರ್ನಿಂಗ್ ಹೆರಾಲ್ಡ್ ಇದ್ದ ಫೇರ್‌ಫ್ಯಾಕ್ಸ್ ಕಂಪನಿಯನ್ನು ಸೇರಿಸಿಕೊಂಡರು. 2020ರಲ್ಲಿ ಮಾಜಿ ಪ್ರಧಾನಿ ಕೆವಿನ್ ರಡ್ ಮಾಧ್ಯಮ ಹೀಗೆ ಕೆಲವರ ಕೈಯಲ್ಲೇ ಸೇರ್ತಿರೋದರ ವಿಚಾರಣೆ ಆಗಬೇಕು ಅಂತ ಅರ್ಜಿ ಹಾಕಿದಾಗ 5 ಲಕ್ಷಕ್ಕೂ ಜಾಸ್ತಿ ಜನ ಸಹಿ ಮಾಡಿದರು.

ನನ್ನ ಮೊದಲ ವೋಟು 2019ರಲ್ಲಿ. ಲೇಬರ್ ಪಕ್ಷ ಮನೆ ಕೊಂಡು ಬಾಡಿಗೆಗೆ ಕೊಡೋರಿಗೆ ಸಿಗೋ ತೆರಿಗೆ ರಿಯಾಯಿತಿಯನ್ನು ಕಡಿಮೆ ಮಾಡ್ತೀವಿ ಅಂದಿತ್ತು. ಒಂದು ಪೇಪರು, ಒಂದು ಟಿವಿ, ಫೋನಿನಲ್ಲಿ ಒಂದು ಸೈಟು, ಮೂರರಲ್ಲೂ ಮನೆ ಕೊಂಡವರೆಲ್ಲ ಮುಳುಗಿದರು ಅನ್ನೋ ಹಾಗೆ ಬರ್ತಿತ್ತು. ಮೂರು ಕಡೆ ನೋಡಿದ್ದೀನಲ್ಲ ಅಂತ ನಂಬಿದೆ. ಯುಗಾದಿ ಊಟಕ್ಕೆ ಬಂದ ದಂಪತಿಗೂ ಅದನ್ನೇ ಹೇಳಿದೆ. ಅವರು ಕಷ್ಟಪಟ್ಟು ಒಂದು ಚಿಕ್ಕ ಫ್ಲಾಟ್ ಕೊಂಡು ಬಾಡಿಗೆಗೆ ಕೊಟ್ಟಿದ್ದರು, ತುಂಬಾ ಹೆದರಿದರು. ಈಗಾಗಲೇ ಕೊಂಡವರಿಗೆ ಅದು ತಟ್ಟೋದೇ ಇಲ್ಲ ಅಂತ ಪಕ್ಷದ ನೀತಿಯಲ್ಲೇ ಇತ್ತು. ನಾನು ಅದನ್ನು ಓದಿದ್ದು ಚುನಾವಣೆ ಮುಗಿದ ಮೇಲೆ. ಆ ಮೂರರಲ್ಲಿ ಎರಡರ ಮಾಲೀಕರು ಒಬ್ಬರೇ ಅಂತ ತಿಳಿದದ್ದೂ ಆಮೇಲೆಯೇ.

ಪೌರತ್ವ ಸಿಕ್ಕಮೇಲೆ ಇಲ್ಲಿ ವೋಟು ಕಡ್ಡಾಯ, ಸುಮ್ನೆ ಮನೆಯಲ್ಲಿ ಕೂತರೆ ದಂಡ. ಅಲ್ಲಿವರೆಗೆ ನಿನಗೆ ಟೈಮಿದೆ. ಸರ್ಕಾರದ ದುಡ್ಡಲ್ಲಿ ನಡೆಯೋ ಎಬಿಸಿ ನೋಡು. ಹಲವು ಭಾಷೆಗಳಲ್ಲಿ ಬರೋ ಎಸ್‌ಬಿಎಸ್ ರೇಡಿಯೋದಲ್ಲಿ ಕನ್ನಡ ಕಾರ್ಯಕ್ರಮವೂ ಇದೆ, ಮೊದಲ ಸಲ ಕೇಳಿದಾಗ ನನಗೆ ಕಣ್ಣು ತುಂಬಿತ್ತು. ಪಕ್ಷಗಳ ನೀತಿಯನ್ನು ಅವರ ಸೈಟಲ್ಲೇ ಪೂರ್ತಿ ಓದು, ಬೇರೆಯವರ ಬಾಯಲ್ಲಿ ಕೇಳಬೇಡ, ನನ್ನ ಬಾಯಲ್ಲೂ.

ಆ ದಂಪತಿ ಈಗ ಪರ್ತ್‌ನಲ್ಲಿದ್ದಾರೆ. ಹಬ್ಬಕ್ಕೆ ಫೋನ್ ಮಾಡ್ತೀವಿ, ಮಕ್ಕಳ ವಿಷಯ ಮಾತಾಡ್ತೀವಿ. ಅವತ್ತು ನಾನು ಹೇಳಿದ್ದು ತಪ್ಪು ಅಂತ ಇನ್ನೂ ಹೇಳಿಲ್ಲ.